ಎರಡನೇ ಪೇಜು ಜಿಂಕೆ ತಿಂದ್ಬಿಡ್ತು

ಹಾಫ್ ಡೇ ವಾಕಿಂಗ್ ಟೂರ್ ಅಂತ ಹಾಕಿರ್ತಾರಲ್ಲ, ಅದರಲ್ಲಿ ಹಾಫ್ ಡೇ ಅನ್ನೋದನ್ನ ಮಾತ್ರ ಓದ್ಕೊಂಡು ವಾಕಿಂಗ್ ಅನ್ನೋದನ್ನ ಬಿಟ್ಟು ದುಡ್ಡು ಕಟ್ಟೋ ಜನ ಇರ್ತಾರೆ, ನಮ್ಮನೆಯವರು ಆ ಪೈಕಿ. ನವೆಂಬರಲ್ಲಿ ಜಪಾನಿನ ಒಸಾಕಾದಲ್ಲಿರೋ ಮೈದುನನ ಮನೆಗೆ ಹೋಗಿದ್ವಿ, ನಾನು, ಇವರು, ಅತ್ತೆ, ಮಗ ಪುಟ್ಟ. "ನಾರಾ ನೋಡ್ದೆ ವಾಪಸ್ ಹೋಗ್ಬೇಡಿ ಅತ್ಗೆ, ಟ್ರೈನಲ್ಲಿ ಮುಕ್ಕಾಲು ಗಂಟೆ ಕೂಡ ಆಗಲ್ಲ, ಕ್ಯೋಟೋಗಿಂತ ಹಳೇ ರಾಜಧಾನಿ, 710ರಿಂದ 784ರ ತನಕ" ಅಂತೆಲ್ಲ ಹೇಳಿ ಹುರಿದುಂಬಿಸಿದ ಮೈದುನ, ಬೆಳಿಗ್ಗೆ ನಾವು ಶೂ ಹಾಕ್ಕೊಳ್ಳೋ ಹೊತ್ತಿಗೆ ಆಫೀಸಿದೆ ಅಂದ. ಆವತ್ತು ಶನಿವಾರ. ನಮ್ಮ ಅತ್ತೆ ಜೊತೆ ಬೆಳೆದ ಮಗ, ಅವನಿಗೆ ಗೊತ್ತಿರುತ್ತೆ ಬಿಡಿ.

ಇವರು ಟೂರಿನ ಪ್ಲಾನನ್ನ ಕಲರ್ ಪ್ರಿಂಟ್ ತೆಗೆಸಿ, ಪ್ಲಾಸ್ಟಿಕ್ ಕವರಿಗೆ ಹಾಕಿ, ಪರೀಕ್ಷೆ ಹಾಲ್ ಟಿಕೆಟ್ಟು ಹಿಡ್ಕೊಂಡ ಹಾಗೆ ಹಿಡ್ಕೊಂಡಿದ್ರು. ಎರಡು ಪೇಜು. 9ಕ್ಕೆ ಶುರು, 12:30ಕ್ಕೆ ಮುಕ್ತಾಯ. ಮೊದಲ್ನೇ ಪೇಜಲ್ಲಿ ಕೋಫುಕುಜಿ ಅನ್ನೋ ಬೌದ್ಧ ದೇವಸ್ಥಾನ, ಜಿಂಕೆ ಪಾರ್ಕು, ತೋದೈಜಿ ದೇವಸ್ಥಾನದ ದೊಡ್ಡ ಬುದ್ಧ. ಎರಡನೇ ಪೇಜಲ್ಲಿ ನಿಗತ್ಸುದೋ ಗುಡಿ, ಕಸುಗಾ ತೈಶಾ ದೇವಸ್ಥಾನ, ನಾರಾಮಾಚಿ ಅನ್ನೋ ಹಳೇ ಕೇರಿ. ಜೊತೆಗೆ ಕಾಲಿಗೆ ಹೊಚ್ಚಹೊಸ ಲೆದರ್ ಶೂ, ಯಾಕಂದ್ರೆ ಫೋಟೋಲಿ ಚೆನ್ನಾಗಿ ಬರುತ್ತಂತೆ.

ಕಿಂತೆತ್ಸು ನಾರಾ ಸ್ಟೇಷನ್ನಿಗೆ ಹತ್ತು ನಿಮಿಷ ಮುಂಚೇನೇ ಇಳಿದಿದ್ವಿ, ಸುಳ್ಳು ಹೇಳಲ್ಲ. ಆದ್ರೆ ಅತ್ತೆ ಟಾಯ್ಲೆಟ್ಟಿಗೆ ಹೋದ್ರು. ಜಪಾನಿನ ಟಾಯ್ಲೆಟ್ಟಿನ ಪಕ್ಕದಲ್ಲಿ ವಿಮಾನ ಓಡಿಸೋರ ಮುಂದೆ ಇರೋ ಅಷ್ಟು ಬಟನ್ ಇರ್ತಾವೆ, ಅದ್ರಲ್ಲಿ ಯಾವ್ದೋ ಒಂದನ್ನ ಒತ್ತಿದ್ದಾರೆ, ಒಳಗಿಂದ "ಅಯ್ಯೋ, ನೀರು ನಿಲ್ತಾನೇ ಇಲ್ಲ ಕಣೇ!" ಅಂತ ಕೂಗು, ನಾನು ಹೊರಗಿಂದ "ಕೆಂಪುದು ಒತ್ತಿ ಅತ್ತೆ, ಕೆಂಪುದು!" ಅಂತ ಕೂಗು, ಅವರು ಯಾವ್ದು ಒತ್ತಿದ್ರೋ, ಈಗ ನೀರಿನ ಜೊತೆ ಹರಿಯೋ ಝರಿಯ ರೆಕಾರ್ಡಿಂಗ್ ಸೌಂಡು ಬೇರೆ ಶುರುವಾಯ್ತು, ಕೈ ತೊಳೀತಿದ್ದ ಹೆಂಗಸರೆಲ್ಲ ತುಂಬ ಮರ್ಯಾದೆಯಿಂದ ಬೇರೆ ಕಡೆ ನೋಡ್ತಾ ನಿಂತಿದ್ರು. ಮೇಲೆ ಬರೋ ಹೊತ್ತಿಗೆ 9:07.

ಸ್ಟೇಷನ್ ಮುಂದೆ ಒಂದು ಕಾರಂಜಿ, ಅದರ ನಡುವೆ ಗ್ಯೋಕಿ ಅನ್ನೋ ಬೌದ್ಧ ಭಿಕ್ಷುವಿನ ಪ್ರತಿಮೆ. ಊರೂರು ಸುತ್ತಿ ಸೇತುವೆ, ಕೆರೆ ಕಟ್ಟಿಸಿ, ದೊಡ್ಡ ಬುದ್ಧನಿಗೆ ಚಂದಾ ಎತ್ತಿದವರು. ಅದರ ಕೆಳಗೆ ನಮ್ಮ ಗೈಡು, ಎಪ್ಪತ್ತು ದಾಟಿದ ಯಜಮಾನರು, ಹ್ಯಾಟು, ಕೈಲಿ ಪುಟ್ಟ ಬಾವುಟ, ಕಂಕುಳಲ್ಲಿ ಫೈಲು. ತಡ ಮಾಡಿದ್ದು ನಾವು, ಬಗ್ಗಿ ಬಗ್ಗಿ ಸಾರಿ ಕೇಳಿದ್ದು ಅವರು. ಆಮೇಲೆ ಬ್ಯಾಗಿಂದ ಲ್ಯಾಮಿನೇಟ್ ಮಾಡಿದ ಟೈಮ್‌ಟೇಬಲ್ಲು ತೆಗೆದು ನೋಡಿ, ಒಂದು ಸಣ್ಣ ಉಸಿರು ಬಿಟ್ಟು, ಒಳಗಿಟ್ರು. ಟ್ರೈನು ಹಳೇ ಅರಮನೆ ಜಾಗದ ಮಧ್ಯದಲ್ಲೇ ಬರುತ್ತಲ್ಲ, 1998ರಲ್ಲಿ ಮತ್ತೆ ಕಟ್ಟಿದ ಸುಜಾಕು ಗೇಟು ಕಿಟಕಿಯಿಂದ ಕಾಣಿಸ್ತಾ ಅಂತ ಕೇಳಿದ್ರು. ನಾಲ್ಕೂ ಜನ ನಿದ್ದೆ ಮಾಡ್ತಿದ್ದೋರು ಒಟ್ಟಿಗೆ "ಯೆಸ್ ಯೆಸ್, ವೆರಿ ನೈಸ್" ಅಂದ್ವಿ.

ಕೋಫುಕುಜಿಯ ಐದಂತಸ್ತಿನ ಪಗೋಡ ನಾರಾದ ಗುರುತು, ಸುಮಾರು 50 ಮೀಟರ್ ಎತ್ತರ, ಎಲ್ಲಾ ಪೋಸ್ಟ್‌ಕಾರ್ಡಲ್ಲೂ ಅದೇ. ನಾವು ಹೋದಾಗ ರಿಪೇರಿ. ಪೂರ್ತಿ ಮುಚ್ಚಿ, ಸುತ್ತ ದೊಡ್ಡ ಶೆಡ್ಡು ಕಟ್ಟಿದ್ದಾರೆ. ಯಜಮಾನರು ಫೈಲಿಂದ ಪಗೋಡದ ಫೋಟೋ ತೆಗೆದು, ಶೆಡ್ಡಿನ ಮುಂದೆ ಸರಿಯಾಗಿ ಹಿಡಿದು "ಇಲ್ಲೇ ಒಳಗಿದೆ" ಅಂದ್ರು. ಇವರು ಆ ಫೋಟೋದ ಫೋಟೋ ತೆಗೆದ್ರು. ಮೊದಲು 730ರಲ್ಲಿ ಕಟ್ಟಿದ್ದು, ಸುಟ್ಟೋಗಿ ಸುಟ್ಟೋಗಿ, ಈಗಿರೋದು 1426ರದ್ದು ಅಂತ ಯಜಮಾನರು ಇಂಗ್ಲಿಷಲ್ಲಿ ಐದು ನಿಮಿಷ ವಿವರಿಸಿದ್ರು. ಅತ್ತೆಗೆ ಕನ್ನಡದಲ್ಲಿ ಹೇಳೋದು ಇವರ ಡ್ಯೂಟಿ. ಇವರು ಹೇಳಿದ್ದು: "ಸುಟ್ಟೋಯ್ತಂತೆ ಅಮ್ಮ. ಮತ್ತೆ ಕಟ್ಟಿದ್ರಂತೆ." ಆಮೇಲೆ ನಾರಾದಲ್ಲಿ ಎಲ್ಲಿ ಹೋದ್ರೂ ಈ ಅನುವಾದ ಸಾಕಾಯ್ತು ಅನ್ನೋದು ಬೇರೆ ವಿಷಯ.

ಈಗ ಜಿಂಕೆ. ನಾರಾದಲ್ಲಿ ಸಾವಿರಕ್ಕೂ ಮೇಲೆ ಜಿಂಕೆಗಳಿವೆ, ಬೇಲಿ ಗೀಲಿ ಏನಿಲ್ಲ, ರೋಡಲ್ಲೂ ಅವೇ, ಅಂಗಡಿ ಬಾಗಿಲಲ್ಲೂ ಅವೇ. 1957ರಿಂದ ಸರ್ಕಾರದ ರಕ್ಷಣೆ ಇದೆ. ಕಶಿಮಾ ಅನ್ನೋ ಕಡೆಯಿಂದ ದೇವರು ಬಿಳಿ ಜಿಂಕೆ ಮೇಲೆ ಕೂತು ಇಲ್ಲಿಗೆ ಬಂದ ಅಂತ ಕಥೆ. ಇದನ್ನ ಇವರು ಯಾಕೋ ಪೂರ್ತಿ ಅನುವಾದ ಮಾಡಿಬಿಟ್ರು, ಅತ್ತೆಗೆ ಅಷ್ಟೇ ಬೇಕಾಗಿದ್ದು. "ಹಾಗಾದ್ರೆ ವಾಹನ ಅನ್ನು" ಅಂತ ಚಪ್ಪಲಿ ಬಿಡೋಕೆ ಹೊರಟ್ರು. ಶೂ ಅತ್ತೆ, ಲೇಸ್ ಕಟ್ಟಿದೆ, ಇರ್ಲಿ ಅಂದೆ.

ಜಿಂಕೆಗೆ ಅಂತ್ಲೇ ಬಿಸ್ಕೆಟ್ಟು ಮಾರ್ತಾರೆ, ಶಿಕಾ ಸೆಂಬೇ ಅಂತ, ಗೋಧಿ ಹಿಟ್ಟು ಅಕ್ಕಿ ತೌಡು ಅಷ್ಟೇ, ಸಕ್ಕರೆ ಹಾಕಲ್ಲ, ಒಂದು ಕಟ್ಟು 200 ಯೆನ್. ಕಟ್ಟಿಗೆ ಸುತ್ತಿರೋ ಪೇಪರ್ ಪಟ್ಟಿ ಕೂಡ ಜಿಂಕೆ ತಿಂದ್ರೆ ತೊಂದರೆ ಆಗದ ಹಾಗೆ ಮಾಡಿದ್ದು. ನೀವು ತಲೆ ಬಗ್ಗಿಸಿದ್ರೆ ಜಿಂಕೇನೂ ತಲೆ ಬಗ್ಗಿಸುತ್ತೆ, ಆಮೇಲೆ ನೀವು ಬಿಸ್ಕೆಟ್ ಕೊಡ್ಬೇಕು, ಅದು ಒಪ್ಪಂದ. ಪುಟ್ಟ ಬಗ್ಗಿದ, ಜಿಂಕೆ ಬಗ್ಗಿತು, ಯಜಮಾನರು ಶಹಬ್ಬಾಸ್ ಅನ್ನೋ ಹಾಗೆ ಬಗ್ಗಿದ್ರು, ಅತ್ತೆ ಯಜಮಾನರಿಗೆ ಕೈ ಮುಗಿದ್ರು, ಜಿಂಕೆ ಮತ್ತೆ ಬಗ್ಗಿತು, ಯಾರು ಯಾರಿಗೆ ಮರ್ಯಾದೆ ಕೊಡ್ತಿದ್ದಾರೆ ಅಂತ ಲೆಕ್ಕ ತಪ್ಪೋಯ್ತು. ಪುಟ್ಟ ಬಿಸ್ಕೆಟ್ ಕೊಡೋ ಹಾಗೆ ಮಾಡಿ ಹಿಂದಕ್ಕೆಳೆದ. ಅಲ್ಲಿಗೆ ಒಪ್ಪಂದ ಮುರೀತು. "ದೇವ್ರ ವಾಹನಕ್ಕೆ ಆಟ ಆಡಿಸ್ತೀಯೇನೋ" ಅಂತ ಅತ್ತೆ ಬೈಯೋ ಅಷ್ಟರಲ್ಲಿ ಜಿಂಕೆ ಹಿಂದಿಂದ ಬಂದು ಗುದ್ದಿದ್ದು ಪುಟ್ಟನಿಗಲ್ಲ, ಇವರಿಗೆ. ಅಲ್ಲೇ ಬೋರ್ಡಿದೆ, ನಾಲ್ಕು ಚಿತ್ರ: ಕಚ್ಚುತ್ತೆ, ಒದೆಯುತ್ತೆ, ಗುದ್ದುತ್ತೆ, ಬೀಳಿಸುತ್ತೆ. ಪುಟ್ಟ ಬೋರ್ಡು ನೋಡಿ "ಅಪ್ಪಾ, ಮೂರನೇದು ಆಯ್ತು" ಅಂದ. ಪುಣ್ಯಕ್ಕೆ ಗಂಡು ಜಿಂಕೆಗಳ ಕೊಂಬನ್ನ ಅಕ್ಟೋಬರಲ್ಲಿ ಕತ್ತರಿಸಿರ್ತಾರೆ, 17ನೇ ಶತಮಾನದಿಂದ ಬಂದ ಪದ್ಧತಿ ಅದು, ಅದನ್ನ ಶುರು ಮಾಡಿದೋರು ತಣ್ಣಗಿರ್ಲಿ.

ಗುದ್ದಿಸ್ಕೊಂಡ ಇವರು ಎಷ್ಟು ತಡ ಆಗಿದೆ ಅಂತ ನೋಡೋಕೆ ಕವರಿಂದ ಪ್ಲಾನ್ ಹೊರಗೆ ತೆಗೆದ್ರು. ಬಲಗಡೆಯಿಂದ ಒಂದು ಮೂತಿ ಬಂತು. ಎರಡನೇ ಪೇಜು ಹೋಯ್ತು. ಎಳೆದಾಟ ಕೂಡ ಆಗ್ಲಿಲ್ಲ, ಬ್ಯಾಂಕಲ್ಲಿ ಕ್ಯಾಶಿಯರ್ ಚೆಕ್ ತಗೊಂಡ ಹಾಗೆ ತಗೊಂಡು, ನಿಧಾನಕ್ಕೆ ಅಗಿದು, ನುಂಗ್ತು.

ಅಲ್ಲಿ ತನಕ ಬುದ್ಧನ ಹಾಗಿದ್ದ ಯಜಮಾನರು ಅವತ್ತು ಗಾಬರಿ ಆಗಿದ್ದು ಆಗ. ನಮ್ಮ ಪೇಜಿಗಲ್ಲ, ಜಿಂಕೆ ಹೊಟ್ಟೆಗೆ. 2019ರಲ್ಲಿ ಸತ್ತ ಕೆಲವು ಜಿಂಕೆಗಳ ಹೊಟ್ಟೇಲಿ ಕೆಜಿಗಟ್ಟಲೆ ಪ್ಲಾಸ್ಟಿಕ್ ಸಿಕ್ಕಿತ್ತು, ಅದಕ್ಕೆ ಅವರ ಮುಖ ಬಿಳಿಚ್ಕೊಂಡಿತ್ತು. ಇವರು ಎರಡೂ ಕೈಲಿ ಖಾಲಿ ಕವರನ್ನ ಎತ್ತಿ ಹಿಡಿದು "ಪ್ಲಾಸ್ಟಿಕ್ ಹಿಯರ್! ಪ್ಲಾಸ್ಟಿಕ್ ಹಿಯರ್!" ಅಂತ ಸುತ್ತಮುತ್ತಲಿನ ಟೂರಿಸ್ಟುಗಳಿಗೆಲ್ಲ ಕೇಳೋ ಹಾಗೆ ಕೂಗಿದ ಮೇಲೆ ಸಮಾಧಾನ ಆಯ್ತು. ಇಂಕಿನ ಬಗ್ಗೆ ಮಾತ್ರ ಎರಡು ಸಲ ಕೇಳಿದ್ರು.

ತೋದೈಜಿಯ ದಕ್ಷಿಣದ ಮಹಾದ್ವಾರ, ನಂದೈಮೊನ್. ಎರಡೂ ಕಡೆ 8 ಮೀಟರಿಗಿಂತ ಎತ್ತರದ ಮರದ ದ್ವಾರಪಾಲಕರು. 1203ರಲ್ಲಿ ಉಂಕೇ, ಕೈಕೇ ಅನ್ನೋ ಶಿಲ್ಪಿಗಳು ಮತ್ತವರ ತಂಡ 69 ದಿನದಲ್ಲಿ ಕೆತ್ತಿ ಮುಗಿಸಿದ್ರಂತೆ. ಒಬ್ಬನಿಗೆ ಬಾಯಿ ತೆರೆದಿದೆ, ಇನ್ನೊಬ್ಬನಿಗೆ ಗಟ್ಟಿಯಾಗಿ ಮುಚ್ಚಿದೆ. ಪುಟ್ಟ ಮೊದಲು ನನ್ನ ನೋಡಿದ, ಆಮೇಲೆ ಅವರಪ್ಪನ್ನ ನೋಡಿದ, ಏನೂ ಹೇಳ್ಲಿಲ್ಲ, ಜಾಣ.

ಒಳಗಿರೋ ದೊಡ್ಡ ಬುದ್ಧನ ಮುಂದೆ ನಾನು ನಿಜವಾಗ್ಲೂ ಸುಮ್ನೆ ನಿಂತುಬಿಟ್ಟೆ. ಕೂತಿರೋ ಕಂಚಿನ ಮೂರ್ತಿ, 15 ಮೀಟರ್ ಎತ್ತರ. 1180ರಲ್ಲಿ ಬೆಂಕಿ, 1567ರಲ್ಲಿ ಬೆಂಕಿ, ಈಗಿರೋ ತಲೆ 1690ರದ್ದು, ಕೆಳಗಿನ ಕಮಲದ ಕೆಲವು ದಳ ಇನ್ನೂ 8ನೇ ಶತಮಾನದ್ದೇ. ("ಸುಟ್ಟೋಯ್ತಂತೆ ಅಮ್ಮ.") ಮೇಲಿನ ಕಟ್ಟಡ 1709ರದ್ದು, 57 ಮೀಟರ್ ಅಗಲ, ಹಳೇದು ಇದಕ್ಕಿಂತ ಅಗಲ ಇತ್ತಂತೆ, ದುಡ್ಡು ಸಾಲದೆ ಚಿಕ್ಕದು ಮಾಡಿದ್ರಂತೆ. ಚಿಕ್ಕದು! 752ರಲ್ಲಿ ಈ ಮೂರ್ತಿಗೆ ಕಣ್ಣು ಬರೆದದ್ದು ಬೋಧಿಸೇನ ಅನ್ನೋ ನಮ್ಮ ದೇಶದ ಭಿಕ್ಷು. ಕುಂಚಕ್ಕೆ ಉದ್ದುದ್ದ ದಾರ ಕಟ್ಟಿ, ನೆರೆದ ಜನ ಆ ದಾರ ಹಿಡ್ಕೊಂಡಿದ್ರಂತೆ, ಎಲ್ಲರಿಗೂ ಪುಣ್ಯ ಸೇರ್ಲಿ ಅಂತ. "ನಮ್ಮಲ್ಲೂ ಪ್ರತಿಷ್ಠಾಪನೇಲಿ ಕಣ್ಣು ತೆರೆಸ್ತಾರಲ್ಲೇ" ಅಂದ ಅತ್ತೆ, ಆತ ದಕ್ಷಿಣ ಭಾರತದೋನು ಅಂತಾರೆ ಅಂದಿದ್ದು ಕೇಳಿ, ಇನ್ಮೇಲೆ ಈ ಗುಡಿ ನಮ್ಮದೇ ಅನ್ನೋ ಠೀವಿಯಲ್ಲಿ ನಡೆಯೋಕೆ ಶುರು ಮಾಡಿದ್ರು. ಹಿಂದೆ ಒಂದು ಕಂಬದ ಬುಡದಲ್ಲಿ ತೂತಿದೆ, ಬುದ್ಧನ ಮೂಗಿನ ಹೊಳ್ಳೆಯಷ್ಟೇ ದೊಡ್ಡದು, ಅದರಲ್ಲಿ ತೂರಿ ಬಂದೋರಿಗೆ ಜ್ಞಾನೋದಯ ಅಂತ ನಂಬಿಕೆ. ಇವರು ತೂತನ್ನ ಒಂದ್ಸಲ, ಹೊಟ್ಟೇನ ಒಂದ್ಸಲ ನೋಡ್ಕೊಂಡು ಮುಂದೆ ಹೋದ್ರು.

ಹೊರಗೆ ಬಂದ್ವಿ, ಅಲ್ಲಿ ಟೈಮ್‌ಟೇಬಲ್ಲು ಸತ್ತಿತು. ಬಾಗಿಲ ಪಕ್ಕದಲ್ಲಿ ಕೆಂಪು ಟೋಪಿ, ಕೆಂಪು ಬಟ್ಟೆ ಹೊದ್ದ ಒಂದು ಮರದ ಮೂರ್ತಿ ಕೂತಿದೆ, ಬಿಂಜುರು ಅಂತ. ನಮಗೆ ಎಲ್ಲಿ ನೋವಿದೆಯೋ ಮೂರ್ತಿಯ ಅದೇ ಜಾಗ ಮುಟ್ಟಿ, ಆಮೇಲೆ ನಮ್ಮ ಮೈ ಮುಟ್ಕೊಂಡ್ರೆ ನೋವು ಹೋಗುತ್ತಂತೆ. ಬುದ್ಧನ ಶಿಷ್ಯ, ಪೂರ್ತಿ ಹೆಸರು ಪಿಂಡೋಲ ಭಾರದ್ವಾಜ ಅಂದ್ರು ಯಜಮಾನರು. ಅನುವಾದಕ್ಕೆ ಕಾಯ್ಲೇ ಇಲ್ಲ ಅತ್ತೆ.

"ಭಾರದ್ವಾಜ ಅಂದ್ರಾ? ನಮ್ಮ ಗೋತ್ರ ಕಣೋ!"

ಪುಟ್ಟನ ಕತ್ತು ಹಿಡಿದು ನಮಸ್ಕಾರ ಮಾಡಿಸಿದ್ರು. ಆಮೇಲೆ ಸ್ವಗೋತ್ರದ ಸಲುಗೆಯಲ್ಲಿ ಕೆಲಸಕ್ಕೆ ಇಳಿದ್ರು. ಮೊದಲು ಮೂರ್ತಿಯ ಬಲ ಮಂಡಿ, ತಮ್ಮ ಬಲ ಮಂಡಿ. ಎಡ ಮಂಡಿ. ಸೊಂಟ. ಭುಜ. ಹಿಂದೆ ಕ್ಯೂ ಬೆಳೀತು, ಹಳದಿ ಟೋಪಿ ಹಾಕಿದ ಸ್ಕೂಲ್ ಮಕ್ಕಳ ಗುಂಪೊಂದು ಬಂದು ಶಿಸ್ತಾಗಿ ನಿಂತ್ಕೊಂಡ್ತು. ಅತ್ತೆ ತಮ್ಮದು ಮುಗಿಸಿ ಊರಿನೋರದ್ದು ಶುರು ಮಾಡಿದ್ರು. ಹಾಸನದ ತಂಗಿಗೆ ಥೈರಾಯ್ಡು, ಅದಕ್ಕೆ ಮೂರ್ತಿಯ ಗಂಟಲು. ಎದುರು ಮನೆಯೋರ ಕಣ್ಣಿನ ಪೊರೆ. "ಶುಗರ್‌ಗೆ ಎಲ್ಲಿ ಮುಟ್ಬೇಕು ಕೇಳೋ" ಅಂದ್ರು ಮಗನಿಗೆ. ಇವರು ಕೇಳಲ್ಲ ಅಂದ್ರು. ಅತ್ತೆ ಬಿಡಲ್ಲ ಅಂದ್ರು. ಕೊನೆಗೆ ಕೇಳಿದ್ರು, ಯಜಮಾನರು ನಗ್ಲಿಲ್ಲ, ಗಂಭೀರವಾಗಿ ಯೋಚನೆ ಮಾಡಿ, ತಮ್ಮ ಹೊಟ್ಟೆ ಎಡಭಾಗದಲ್ಲಿ ಮೇದೋಜೀರಕ ಗ್ರಂಥಿ ಇರೋ ಜಾಗ ತೋರಿಸಿ, "ನನಗೂ ಇದೆ" ಅಂದ್ರು. ಇಬ್ರೂ ಒಟ್ಟಿಗೆ ಮುಟ್ಟಿದ್ರು.

ಆಮೇಲೆ ಬ್ಯಾಗಿಂದ ಟೈಮ್‌ಟೇಬಲ್ ತೆಗೆದು, ಯಜಮಾನರು ಮಾರ್ಕರಲ್ಲಿ, ಸಣ್ಣ ಸ್ಕೇಲಿಟ್ಟು, ಕಸುಗಾ ತೈಶಾ ಮೇಲೆ ನೆಟ್ಟಗೆ ಗೀಟು ಹಾಕಿದ್ರು. 768ರಿಂದ ಇರೋ ದೇವಸ್ಥಾನ, ಕಲ್ಲಿಂದು ಕಂಚಿಂದು ಸೇರಿ ಸುಮಾರು 3000 ದೀಪದ ಗೂಡುಗಳಿವೆಯಂತೆ, ಆ ಜಿಂಕೆ ಮೇಲೆ ಬಂದ ದೇವರು ಇರೋದೂ ಅಲ್ಲೇ. ಜಿಂಕೆ ಹೊಟ್ಟೆ ಸೇರಿದ ಪೇಜಲ್ಲಿತ್ತಲ್ಲ, ಹಾಗೇ ಹೋಯ್ತು.

ನಿಗತ್ಸುದೋಗೆ ಮೆಟ್ಟಿಲು. ಅಷ್ಟು ಹೊತ್ತಿಗೆ ಲೆದರ್ ಶೂ ತನ್ನ ಕೆಲಸ ಮಾಡಿತ್ತು, ಇವರು ಎರಡೂ ಹಿಮ್ಮಡೀಲಿ ಬೊಬ್ಬೆ ಎದ್ದು ಕೆಳಗೇ ಕಟ್ಟೆ ಮೇಲೆ ಕೂತ್ರು. ಮಂಡಿನೋವಿನ ಅತ್ತೆ ಸರಸರ ಹತ್ತಿದ್ರು, ಗೋತ್ರದೋರ ಕೃಪೆ ಅಂತಾರೆ, ನಾನು ವಾದ ಮಾಡಲ್ಲ. ಮೇಲಿನ ಜಗಲಿಯಿಂದ ಇಡೀ ನಾರಾ ಕಾಣುತ್ತೆ. ಪ್ರತಿ ಮಾರ್ಚಲ್ಲಿ ಇದೇ ಜಗಲೀಲಿ ದೊಡ್ಡ ದೊಡ್ಡ ಪಂಜು ಹಿಡ್ಕೊಂಡು ಓಡ್ತಾರೆ, 752ರಿಂದ ಒಂದು ವರ್ಷಾನೂ ತಪ್ಪಿಸಿಲ್ಲವಂತೆ. ಮರದ ಕಟ್ಟಡ, ಬೆಂಕಿ ಪಂಜು. ಪುಟ್ಟ ಇಷ್ಟು ಹೊತ್ತಿಗೆ ಪಳಗಿದ್ದ, "ಇದು ಯಾವಾಗ ಸುಟ್ಟೋಯ್ತು?" ಅಂತ ಅವನೇ ಇಂಗ್ಲಿಷಲ್ಲಿ ಕೇಳಿದ. ಯಜಮಾನರಿಗೆ ಎಷ್ಟು ಖುಷಿ ಅಂದ್ರೆ! "1667, ಅದೇ ಹಬ್ಬದ ಟೈಮಲ್ಲೇ!" ಅಂದ್ರು, ಎರಡು ವರ್ಷದಲ್ಲಿ ಮತ್ತೆ ಕಟ್ಟಿದ್ರಂತೆ.

ನಾರಾಮಾಚಿಗೆ ಹತ್ತು ನಿಮಿಷ ಉಳೀತು. ಹಳೇ ವ್ಯಾಪಾರಿಗಳ ಕೇರಿ, ಮುಂದೆ ಕಿರಿದು ಹಿಂದೆ ಉದ್ದ ಇರೋ ಮನೆಗಳು, ಮರದ ಜಾಲರಿ, ಸೂರಿಗೆ ಕೆಂಪು ಬಟ್ಟೆಯ ಕೋತಿ ಬೊಂಬೆಗಳು, ಮನೆಯೋರ ಕಷ್ಟ ತಾವು ತಗೊಳ್ಳಲಿ ಅಂತ ನೇತುಹಾಕಿರೋದು. ಒಂದು ಮನೆ ಒಳಗೆ ಹೋಗೋಕೆ ಶೂ ಬಿಚ್ಚಬೇಕಿತ್ತು. ಇವರು ಅಳುಮುಖ ಮಾಡ್ಕೊಂಡು ಬಿಚ್ಚಿದ್ರೆ ಸಾಕ್ಸಿಂದ ಹೆಬ್ಬೆರಳು ಪೂರ್ತಿ ಹೊರಗೆ. "ಬುದ್ಧನ ಮೂಗು" ಅಂದ ಪುಟ್ಟ.

12:30ಕ್ಕೆ ಸರಿಯಾಗಿ ಟೂರು ಮುಗೀತು. ಇವರು ಟಿಪ್ಸ್ ಕೊಡೋಕೆ ಹೋದ್ರು, ಯಜಮಾನರು ಬೇಡ ಅಂದ್ರು, ಇವರು ಮದುವೆ ಮನೇಲಿ ಮುಯ್ಯಿ ಕವರ್ ತುರುಕೋ ಹಾಗೆ ಅವರ ಜೇಬಿಗೇ ಕೈ ಹಾಕಿದ್ರು, ಅವರು ಹಿಂದೆ ಹಿಂದೆ ಸರಿದು ಗೋಡೆಗೆ ಒರಗಿದ್ರು. ಅತ್ತೆ ಮಗನನ್ನ ಪಕ್ಕಕ್ಕೆ ತಳ್ಳಿ, ವ್ಯಾನಿಟಿ ಬ್ಯಾಗಿಂದ ಮನೇಲಿ ಕರಿದ ಕೋಡುಬಳೆ ಪೊಟ್ಟಣ ತೆಗೆದು ಕೊಟ್ರು. ಅದನ್ನ ಎರಡೂ ಕೈಲಿ ತಗೊಂಡು, ಹಣೆ ತನಕ ಎತ್ತಿ, ಒಳಗೆ ಇಣುಕಿ ನೋಡಿ, ಬಹಳ ಸಂಕೋಚದಿಂದ ಕೇಳಿದ್ರು: "ಮನುಷ್ಯರಿಗಾ, ಜಿಂಕೆಗಾ?"

ಅತ್ತೆ ಒಂದನ್ನ ಕಟುಂ ಅಂತ ಕಡಿದು ತೋರಿಸಿದ್ರು. ಅವರೂ ಕಡಿದ್ರು. ನಮ್ಮತ್ತೆ ಕೈ ಖಾರದ ಬಗ್ಗೆ ನಾನು ಹೆಚ್ಚು ಹೇಳೋ ಹಾಗಿಲ್ಲ, ಸಂಸಾರ ಮಾಡ್ಬೇಕು. ಯಜಮಾನರ ಮುಖ ಕೆಂಪಾಯ್ತು, ಕಣ್ಣಲ್ಲಿ ನೀರು, ಆದ್ರೂ "ಓಯಿಶೀ, ಓಯಿಶೀ", ಅಂದ್ರೆ ರುಚಿಯಾಗಿದೆ, ಅಂತಾನೇ ಇದ್ರು. ಇವರು ಬೊಬ್ಬೆ ಕಾಲಲ್ಲೇ ಕುಂಟ್ಕೊಂಡು ಮೂಲೇಲಿದ್ದ ವೆಂಡಿಂಗ್ ಮಶೀನಿಗೆ ಓಡಿ ಒಂದು ಬಾಟಲ್ ಟೀ ತಂದು ಕೈಗಿಟ್ರು. ಚಳಿಗಾಲದಲ್ಲಿ ಆ ಮಶೀನುಗಳಲ್ಲಿ ನೀಲಿ ಪಟ್ಟಿ ಇದ್ರೆ ತಣ್ಣಗೆ, ಕೆಂಪು ಪಟ್ಟಿ ಇದ್ರೆ ಬಿಸಿ. ಇವರು ಒತ್ತಿದ್ದು ಕೆಂಪು. ಖಾರದ ಮೇಲೆ ಸುಡೋ ಟೀ ಕುಡಿದ ಯಜಮಾನರು ಒಂದು ನಿಮಿಷ ಆಕಾಶ ನೋಡಿದ್ರು, ಥ್ಯಾಂಕ್ಯೂ ಅಂದ್ರು, ವಾಚ್ ನೋಡ್ಕೊಂಡ್ರು, 1 ಗಂಟೆಗೆ ಸ್ಟೇಷನ್ ಹತ್ರ ಇನ್ನೊಂದು ಗುಂಪು ಕಾಯ್ತಿರುತ್ತೆ ಅಂದ್ರು, ಮತ್ತೆ ಬಗ್ಗಿ ನಮಸ್ಕಾರ ಮಾಡಿ ಬಾವುಟ ಕಂಕುಳಲ್ಲಿಟ್ಕೊಂಡು ಓಡಿದ್ರು.

"ಪಾಪ, ಚಟ್ನಿಪುಡೀನೂ ಕೊಡ್ಬೇಕಿತ್ತು" ಅಂದ್ರು ಅತ್ತೆ.