ಆನ್ಯೆಸ್ ವಾರ್ದಾ ಯಾರ ಮುದ್ದು ಅಜ್ಜಿಯೂ ಅಲ್ಲ

ನಿನ್ನೆ ಸಂಜೆಯ ಸಿಟ್ಟು ಇನ್ನೂ ಇಳಿದಿಲ್ಲ, ಅದಕ್ಕೇ ಬರೆಯುತ್ತಿದ್ದೇನೆ. ಬೆಂಗಳೂರಿನ ಒಂದು ಚಿತ್ರಸಮಾಜದವರು ಫ್ರೆಂಚ್ ಸಿನಿಮಾ ನಿರ್ದೇಶಕಿ ಆನ್ಯೆಸ್ ವಾರ್ದಾ ಅವರ 'ವ್ಯಾಗಬಾಂಡ್' ತೋರಿಸುತ್ತಾರೆಂದು ಗೊತ್ತಾಗಿ, ಕೈಯಲ್ಲಿದ್ದ ಕೆಲಸ ಬೇಗ ಮುಗಿಸಿ ಹೋಗಿದ್ದೆ. ಪರಿಚಯದ ಮಾತಿಗೆ ನಿಂತ ಹಿರಿಯರೊಬ್ಬರು ಆಕೆಯ ಎರಡು ಬಣ್ಣದ ಕೂದಲು, ಸಾಕಿದ ಬೆಕ್ಕು, ಒಂದು ಪ್ರದರ್ಶನಕ್ಕೆ ತೊಟ್ಟ ಆಲೂಗಡ್ಡೆಯ ವೇಷ, ನಿರ್ದೇಶಕರೇ ಆಗಿದ್ದ ಗಂಡ ಝಾಕ್ ದೆಮಿ, ಇಷ್ಟನ್ನೇ ಬಹಳ ಹೊತ್ತು ವಿವರಿಸಿ, ಕೊನೆಗೆ 'ಫ್ರೆಂಚ್ ಹೊಸ ಅಲೆಯ ಮುದ್ದು ಅಜ್ಜಿ' ಎಂದು ಮಾತು ಮುಗಿಸಿದರು. (ಹೊಸ ಅಲೆ ಎಂದರೆ 1950ರ ದಶಕದ ಕೊನೆಯಲ್ಲಿ ಫ್ರಾನ್ಸಿನ ಯುವ ನಿರ್ದೇಶಕರು ಕಟ್ಟಿದ ಹೊಸ ಬಗೆಯ ಸಿನಿಮಾ.) ಸಭೆ ಚಪ್ಪಾಳೆ ತಟ್ಟಿತು. ಮರುಕ್ಷಣ ಪರದೆಯ ಮೇಲೆ, ದಕ್ಷಿಣ ಫ್ರಾನ್ಸಿನ ಚಳಿಗಾಲದ ದ್ರಾಕ್ಷಿತೋಟದ ಬದಿಯ ಹಳ್ಳದಲ್ಲಿ ಚಳಿಗೆ ಸೆಟೆದು ಸತ್ತ ಹುಡುಗಿಯ ಹೆಣ ಕಾಣಿಸಿತು. ಕೇಳಿದ ಪರಿಚಯಕ್ಕೂ ನೋಡಲಿದ್ದ ಚಿತ್ರಕ್ಕೂ ಯಾವ ಸಂಬಂಧವೂ ಇರಲಿಲ್ಲ.

ಇದು ನಿನ್ನೆ ಒಬ್ಬರು ಆಡಿದ ಮಾತಾಗಿದ್ದರೆ ಸುಮ್ಮನಿರುತ್ತಿದ್ದೆ. ಆದರೆ ವಾರ್ದಾ ತೀರಿಕೊಂಡ 2019ರಿಂದ ಇತ್ತ, ಆಕೆಯ ಬಗ್ಗೆ ಎಲ್ಲಿ ಓದಿದರೂ ಮೊದಲು ಬರುವುದು ಈ ಅಜ್ಜಿಯೇ. ಹೊಸ ಅಲೆಯ ಅಜ್ಜಿ ಎಂಬ ಬಿರುದು ಆಕೆಗೆ ಮೂವತ್ತರ ಆಸುಪಾಸಿನಲ್ಲಿಯೇ ಅಂಟಿಕೊಂಡಿತು ಎಂಬುದನ್ನು ಮಾತ್ರ ಯಾರೂ ಹೇಳುವುದಿಲ್ಲ. ವಾರ್ದಾ ಹುಟ್ಟಿದ್ದು 1928ರ ಮೇ ತಿಂಗಳಲ್ಲಿ, ಬ್ರಸೆಲ್ಸ್‌ನಲ್ಲಿ. ಹೊಸ ಅಲೆಯ ಇನ್ನಿಬ್ಬರು ನಿರ್ದೇಶಕರನ್ನು ನೋಡಿ: ಅದೇ ವರ್ಷದ ಮಾರ್ಚ್‌ನಲ್ಲಿ ಹುಟ್ಟಿದ ಝಾಕ್ ರಿವೆತ್ ಆಕೆಗಿಂತ ದೊಡ್ಡವರು. 1920ರಲ್ಲಿ ಹುಟ್ಟಿದ ಎರಿಕ್ ರೊಮೇರ್ ಆಕೆಗಿಂತ ಎಂಟು ವರ್ಷ ಹಿರಿಯರು. ರೊಮೇರ್ ಅವರನ್ನು ಹೊಸ ಅಲೆಯ ತಾತ ಎಂದು ಪರಿಚಯಿಸಿದವರನ್ನು ನಾನು ಇದುವರೆಗೂ ಕಂಡಿಲ್ಲ. ಅವರು ನಿರ್ದೇಶಕರು, ಚಿಂತಕರು. ಈಕೆ ಮಾತ್ರ ಅಜ್ಜಿ.

ಕೆಲಸದ ಲೆಕ್ಕವನ್ನೇ ನೋಡೋಣ. ಗ್ರೀಕ್ ತಂದೆ, ಫ್ರೆಂಚ್ ತಾಯಿಯ ಈ ಮಗಳು ಯುದ್ಧದ ವರ್ಷಗಳಲ್ಲಿ ಕುಟುಂಬದೊಂದಿಗೆ ಸೆತ್ ಎಂಬ ಮೀನುಗಾರರ ಊರಿಗೆ ಬಂದು, ದೋಣಿಮನೆಯಲ್ಲಿ ಬೆಳೆದು, ಮುಂದೆ ಪ್ಯಾರಿಸ್ಸಿನಲ್ಲಿ ಛಾಯಾಗ್ರಹಣ ಕಲಿತು, ಝಾನ್ ವಿಲಾರ್ ಅವರ ರಂಗತಂಡಕ್ಕೆ ಫೋಟೊ ತೆಗೆಯುತ್ತಿದ್ದವರು. 1954ರಲ್ಲಿ, ಇಪ್ಪತ್ತಾರನೆಯ ವಯಸ್ಸಿನಲ್ಲಿ, ಯಾವ ನಿರ್ದೇಶಕರ ಕೈಕೆಳಗೂ ಸಹಾಯಕಿಯಾಗಿ ದುಡಿಯದೆ, ಸ್ವಂತ ನಿರ್ಮಾಣ ಸಂಸ್ಥೆಯನ್ನು ಕಟ್ಟಿ, ಅದೇ ಸೆತ್‌ನ ಮೀನುಗಾರರ ಕೇರಿಯಲ್ಲಿ 'ಲಾ ಪ್ವಾಂತ್ ಕೂರ್ತ್' ಚಿತ್ರೀಕರಿಸಿದರು. ದಾಂಪತ್ಯ ಮುರಿಯುವ ಅಂಚಿನಲ್ಲಿರುವ ಗಂಡ ಹೆಂಡಿರ ಮಾತುಕತೆ ಒಂದು ಎಳೆ. ಚಿಪ್ಪುಮೀನು ಹಿಡಿಯುವ ವಿಷಯದಲ್ಲಿ ಆರೋಗ್ಯ ಇಲಾಖೆಯವರೊಂದಿಗೆ ಕೇರಿಯವರ ಜಟಾಪಟಿ ಇನ್ನೊಂದು ಎಳೆ. ಎರಡೂ ಅಕ್ಕಪಕ್ಕದಲ್ಲಿ ಸಾಗುತ್ತವೆಯೇ ಹೊರತು ಕೊನೆಯವರೆಗೂ ಒಂದಾಗುವುದಿಲ್ಲ. ಕೈಯಲ್ಲಿ ಹಣವಿಲ್ಲದ್ದರಿಂದ ನಟರೂ ತಂತ್ರಜ್ಞರೂ ಸಂಬಳದ ಬದಲು ಪಾಲುದಾರರಾಗಿ ದುಡಿದರು. ಸಂಕಲನ ಮಾಡಿದವರು ಅಲೆನ್ ರೆನೆ. ಹೊಸ ಅಲೆ ಎಂದೊಡನೆ ನೆನಪಾಗುವ ನಿರ್ದೇಶಕರಲ್ಲಿ ತ್ರೂಫೋ ಅವರ ಮೊದಲ ಕಥಾಚಿತ್ರ ಬಂದದ್ದು 1959ರಲ್ಲಿ, ಗೊದಾರ್ ಅವರದು 1960ರಲ್ಲಿ. ಗಂಡನ ಹೆಸರಿನಿಂದಲೇ ಪರಿಚಯಿಸಬೇಕೆನ್ನುವವರಿಗೆ ಇನ್ನೂ ಒಂದು ಮಾತು: ದೆಮಿಯವರನ್ನು ವಾರ್ದಾ ಮೊದಲು ಕಂಡದ್ದು 1958ರಲ್ಲಿ, ಮದುವೆಯಾದದ್ದು 1962ರಲ್ಲಿ, ದೆಮಿಯವರ ಮೊದಲ ಕಥಾಚಿತ್ರ ಬಂದದ್ದು 1961ರಲ್ಲಿ. ಯಾವ ಕಡೆಯಿಂದ ಎಣಿಸಿದರೂ ಮುಂದೆ ನಡೆದವರು ಈಕೆಯೇ.

ಈ ವಿಷಯದಲ್ಲಿ ನನಗೇಕೆ ಇಷ್ಟು ಉರಿ ಎಂಬುದು ನಿಮ್ಮಲ್ಲಿ ಹಲವರಿಗೆ ಗೊತ್ತು. ನಾನು ಸಂಕಲನದ ಕೆಲಸ ಮಾಡುವವಳು, ನನ್ನ ಗಂಡನೂ ಇದೇ ಉದ್ಯಮದಲ್ಲಿರುವವರು. ಟೈಟಲ್ ಕಾರ್ಡಿನಲ್ಲಿ ನನ್ನ ಹೆಸರು ಬಂದ ಚಿತ್ರದ ಸಮಾರಂಭದಲ್ಲಿಯೇ 'ಇವರು ಅವರ ಮಿಸೆಸ್' ಎಂದು ಪರಿಚಯಿಸಿದ್ದನ್ನು ನಗುಮುಖದಿಂದ ಕೇಳಿಸಿಕೊಂಡಿದ್ದೇನೆ. ಆ ನಗು ಮುಖದಿಂದ ಇಳಿಯುವುದಕ್ಕೆ ಎಷ್ಟು ಹೊತ್ತು ಬೇಕೆಂದು ನನಗೆ ಗೊತ್ತಿದೆ.

ಸಂಕಲನಕಾರಳಾಗಿಯೇ 'ವ್ಯಾಗಬಾಂಡ್' ಬಗ್ಗೆ ಒಂದಿಷ್ಟು ಹೇಳಬೇಕು, ಏಕೆಂದರೆ ನಿನ್ನೆಯ ಸಭೆಯಲ್ಲಿ ಆಡಬೇಕಾಗಿದ್ದದ್ದು ಈ ಮಾತನ್ನು. ಮೋನಾ ಎಂಬ ಅಲೆಮಾರಿ ಹುಡುಗಿ ಬೆನ್ನಿಗೆ ಚೀಲ ಹೇರಿಕೊಂಡು ನಡೆಯುವಾಗ ಕ್ಯಾಮೆರಾ ಹಳಿಯ ಮೇಲೆ ಅವಳ ಜೊತೆ ಚಲಿಸುತ್ತದೆ, ಅದೂ ಬಲದಿಂದ ಎಡಕ್ಕೆ. ಫ್ರೆಂಚರೂ ನಾವೂ ಓದುವುದು ಎಡದಿಂದ ಬಲಕ್ಕೆ. ಆದ್ದರಿಂದ ಆ ನಡಿಗೆ ನಮ್ಮ ಕಣ್ಣಿನ ಅಭ್ಯಾಸಕ್ಕೆ ಎದುರಾಗಿ, ತಡೆಯುತ್ತ ತಡೆಯುತ್ತ ಸಾಗುತ್ತದೆ. ಮೋನಾ ಎಲ್ಲಿಯೋ ನಿಂತರೂ, ಚೌಕಟ್ಟಿನಿಂದ ಆಚೆ ಹೋದರೂ ಕ್ಯಾಮೆರಾ ಅವಳಿಗಾಗಿ ಕಾಯುವುದಿಲ್ಲ. ತನ್ನ ಪಾಡಿಗೆ ಮುಂದೆ ಸರಿದು ಹೊಲದ ಒಂದು ಯಂತ್ರದ ಮೇಲೋ, ರಸ್ತೆಬದಿಯ ಮತ್ತಾವುದೋ ವಸ್ತುವಿನ ಮೇಲೋ ನಿಲ್ಲುತ್ತದೆ. ನಡುವೆ ಎಷ್ಟೋ ನಿಮಿಷಗಳ ಕಥೆ ಕಳೆದ ಮೇಲೆ ಅಂಥದ್ದೇ ಇನ್ನೊಂದು ನಡಿಗೆ ಬಂದಾಗ, ಅದು ಶುರುವಾಗುವುದು ಹಿಂದಿನದು ನಿಂತ ವಸ್ತುವನ್ನೇ ಹೋಲುವ ವಸ್ತುವಿನಿಂದ. ಮೊದಲ ಸಲ ನೋಡುವವರಿಗೆ ಈ ಕೊಂಡಿಗಳು ಕಾಣುವುದೇ ಇಲ್ಲ. ಆದರೆ ಅವಳು ಎಲ್ಲಿಗೂ ತಲುಪುತ್ತಿಲ್ಲ, ದಾರಿಯೇ ಅವಳನ್ನು ಎಳೆದೊಯ್ಯುತ್ತಿದೆ ಎಂಬ ಭಾವ ಮೈಗೆ ಹತ್ತುತ್ತದೆ. ಚಿತ್ರೀಕರಣಕ್ಕೆ ಮೊದಲೇ ಸಂಕಲನವನ್ನು ತಲೆಯೊಳಗೆ ಮಾಡಿ ಮುಗಿಸಿದವರಿಗೆ ಮಾತ್ರ ಇದು ಸಾಧ್ಯ. ಈ ಚಿತ್ರಕ್ಕೆ 1985ರಲ್ಲಿ ವೆನಿಸ್ ಚಿತ್ರೋತ್ಸವದ ಗೋಲ್ಡನ್ ಲಯನ್ ಬಂದಿತು. ಹದಿಹರೆಯದ ಸಾಂದ್ರಿನ್ ಬೊನೇರ್ ಮೋನಾ ಪಾತ್ರಕ್ಕೆ ಫ್ರಾನ್ಸಿನ ಸೀಸರ್ ಚಿತ್ರಪ್ರಶಸ್ತಿ ಪಡೆದರು. ಮೋನಾ ಯಾರಿಗೂ ಕೃತಜ್ಞತೆ ಹೇಳುವುದಿಲ್ಲ, ಸ್ನಾನ ಮಾಡುವುದಿಲ್ಲ, ತನ್ನ ಹಿಂದಿನ ಕಥೆ ಹೇಳಿ ನಮ್ಮ ಕನಿಕರವನ್ನೂ ಬೇಡುವುದಿಲ್ಲ. ಇಂಥವಳನ್ನು ಕಟ್ಟಿ ನಿಲ್ಲಿಸಿದ ನಿರ್ದೇಶಕಿಯ ಹೆಸರಿನ ಹಿಂದೆ 'ಮುದ್ದು' ಎಂಬ ವಿಶೇಷಣ ಹೇಗೆ ಬಂತು?

1965ರ 'ಲ ಬೊನರ್' ಚಿತ್ರವನ್ನು ನೋಡಿ. ಸೂರ್ಯಕಾಂತಿ ಹೂವು, ಮೊಜಾರ್ಟ್ ಸಂಗೀತ, ಮರದ ನೆರಳಿನಲ್ಲಿ ಭಾನುವಾರದ ಊಟ, ಮುದ್ದಾದ ಮಕ್ಕಳು. ಗಂಡ ಇನ್ನೊಬ್ಬಳನ್ನು ಪ್ರೀತಿಸುತ್ತಾನೆ, ತನ್ನ ಸಂತೋಷ ಎರಡು ಪಟ್ಟಾಯಿತೆಂದು ಹೆಂಡತಿಗೆ ಯಾವ ಅಳುಕೂ ಇಲ್ಲದೆ ಹೇಳುತ್ತಾನೆ. ಸ್ವಲ್ಪ ಹೊತ್ತಿನಲ್ಲಿ ಅವಳು ನೀರಿನಲ್ಲಿ ಹೆಣವಾಗಿ ಸಿಗುತ್ತಾಳೆ. ಆಮೇಲೆ ಆ ಇನ್ನೊಬ್ಬಳು ಅದೇ ಮನೆಗೆ ಬಂದು, ಅದೇ ಮಕ್ಕಳಿಗೆ ಊಟ ಬಡಿಸಿ, ಅದೇ ಕಾಡಿನಲ್ಲಿ ಅದೇ ಗಂಡನ ಕೈಹಿಡಿದು ನಡೆಯುತ್ತಾಳೆ. ಸಂಸಾರದಲ್ಲಿ ಯಾವುದೂ ಕದಲುವುದಿಲ್ಲ. ಹೆಂಡತಿಯ ಜಾಗವನ್ನು ಯಾರು ಬೇಕಾದರೂ ತುಂಬಬಹುದು ಎಂಬುದನ್ನು ಇಷ್ಟು ತಣ್ಣಗೆ, ಇಷ್ಟು ಸುಂದರವಾದ ಬಣ್ಣಗಳಲ್ಲಿ ಹೇಳಿದ ಇನ್ನೊಂದು ಚಿತ್ರ ನನಗೆ ಗೊತ್ತಿಲ್ಲ.

ನನ್ನ ಸಿಟ್ಟಿಗೆ ಎದುರಾಗಿ ಗೆಳೆಯರೊಬ್ಬರು ನಿನ್ನೆಯೇ ಒಂದು ಮಾತು ಹೇಳಿದರು. ಆ ಮುದ್ದು ಅಜ್ಜಿಯ ರೂಪವನ್ನು ವಾರ್ದಾ ಅವರೇ ಕಟ್ಟಿಕೊಂಡರಲ್ಲ, ಕೂದಲಿಗೆ ಬಣ್ಣ ಹಚ್ಚಿದ್ದು, 2003ರಲ್ಲಿ ವೆನಿಸ್ ಬಿಯೆನಾಲೆ ಎಂಬ ಕಲಾಪ್ರದರ್ಶನಕ್ಕೆ ಆಲೂಗಡ್ಡೆಯ ವೇಷದಲ್ಲಿ ಬಂದದ್ದು, ತನ್ನನ್ನು ತಾನೇ ಕ್ಯಾಮೆರಾದ ಮುಂದೆ ನಿಲ್ಲಿಸಿಕೊಂಡದ್ದು ಆಕೆಯೇ ಅಲ್ಲವೇ ಎಂದರು. ಹೌದು, ಆಕೆಯೇ. ಆದರೆ ಆ ವೇಷದ ಹಿಂದಿರುವ ಚಿತ್ರ 2000ದಲ್ಲಿ ಬಂದದ್ದು. ಸಣ್ಣ ಡಿಜಿಟಲ್ ಕ್ಯಾಮೆರಾ ಹಿಡಿದು, ಕೊಯ್ಲು ಮುಗಿದ ಹೊಲಗಳಲ್ಲಿ ಹಕ್ಕಲು ಆಯುವವರನ್ನೂ, ನಗರದ ಮಾರುಕಟ್ಟೆಯಲ್ಲಿ ಬಿಸುಟದ್ದನ್ನು ಹೆಕ್ಕುವವರನ್ನೂ ಹುಡುಕಿಕೊಂಡು ಹೋದ ಸಾಕ್ಷ್ಯಚಿತ್ರ ಅದು. ಅಳತೆಗೆ ಸರಿಹೊಂದಲಿಲ್ಲವೆಂದು ಹೊಲಕ್ಕೆ ಸುರಿದ ಆಲೂಗಡ್ಡೆಯ ರಾಶಿಯಲ್ಲಿ ಹೃದಯದ ಆಕಾರದವು ಆಕೆಗೆ ಸಿಕ್ಕವು, ಅದನ್ನೇ ಎಲ್ಲರೂ ನೆನೆಯುತ್ತಾರೆ. ಸಂತೆ ಮುಗಿದ ಮೇಲೆ ಬಿಟ್ಟುಹೋದ ಸೊಪ್ಪನ್ನೂ ಹಣ್ಣನ್ನೂ ಅಲ್ಲಿಯೇ ನಿಂತು ತಿನ್ನುವ ವಿದ್ಯಾವಂತನೊಬ್ಬ ರಾತ್ರಿಯಾದರೆ ವಲಸಿಗರಿಗೆ ಸಂಬಳವಿಲ್ಲದೆ ಅಕ್ಷರ ಕಲಿಸುತ್ತಾನೆ, ಆತನನ್ನು ಯಾರೂ ನೆನೆಯುವುದಿಲ್ಲ. ಆ ಮನುಷ್ಯನನ್ನು ನಮ್ಮ ಮುಂದೆ ತಂದು ನಿಲ್ಲಿಸುವುದಕ್ಕಾಗಿ ವಾರ್ದಾ ಆಲೂಗಡ್ಡೆಯನ್ನೂ ತನ್ನ ಸುಕ್ಕುಗಟ್ಟಿದ ಕೈಯನ್ನೂ ತೋರಿಸಿದರು. ನೋಡುಗರು ಆಲೂಗಡ್ಡೆಯ ಬಳಿಯೇ ನಿಂತುಬಿಟ್ಟರೆ ಅದು ಆಕೆಯ ತಪ್ಪಲ್ಲ.

ಹೆಣ್ಣಾಗಿ, ತಾಯಿಯಾಗಿ ಬದುಕಿದ್ದನ್ನು ಆಕೆ ಮುಚ್ಚಿಟ್ಟವರಲ್ಲ. ಅದನ್ನೂ ಕೆಲಸಕ್ಕೆ ಹಚ್ಚಿದವರು. ತುಂಬು ಬಸುರಿಯಾಗಿದ್ದಾಗ ಪ್ಯಾರಿಸ್ಸಿನ ಮುಫ್ತಾರ್ ಬೀದಿಯ ಸಂತೆಯ ಬಡವರನ್ನು, ಕುಡುಕರನ್ನು, ಮುದುಕರನ್ನು ಚಿತ್ರೀಕರಿಸಿ 1958ರ ಕಿರುಚಿತ್ರ ಮಾಡಿದರು. ಮಗ ಇನ್ನೂ ಚಿಕ್ಕವನಿದ್ದಾಗ ದೂರ ಹೋಗಲಾಗದೆ, ತಮ್ಮದೇ ದಗೇರ್ ಬೀದಿಯ ಬೇಕರಿಯವನನ್ನು, ದರ್ಜಿಯನ್ನು, ಕಟುಕನನ್ನು ಚಿತ್ರೀಕರಿಸಿದರು. ದೀಪಗಳಿಗೆ ವಿದ್ಯುತ್ತನ್ನು ತಮ್ಮ ಮನೆಯಿಂದಲೇ ತಂತಿ ಎಳೆದು ತಂದು, ಆ ತಂತಿ ಎಷ್ಟು ದೂರ ಹೋಗುತ್ತದೋ ಅಷ್ಟನ್ನೇ ಚಿತ್ರದ ಎಲ್ಲೆಯಾಗಿ ಇಟ್ಟುಕೊಂಡರು. ಸಾವಿನ ಹತ್ತಿರವಿದ್ದ ಗಂಡನ ಬಾಲ್ಯವನ್ನು 'ಝಾಕೊ ದ ನಾಂತ್' ಚಿತ್ರವಾಗಿಸುವಾಗ, ಆತನ ಕೂದಲು, ಚರ್ಮ, ಕಣ್ಣುಗಳನ್ನು ಕ್ಯಾಮೆರಾ ಅಂಗುಲ ಅಂಗುಲವಾಗಿ ಸವರುವಂತೆ ಮಾಡಿದರು. ದೆಮಿಯವರ ಹೆಂಡತಿ ಎನ್ನಲೇಬೇಕಿದ್ದರೆ ಈ ಚಿತ್ರವನ್ನು ತೋರಿಸಿ ಅನ್ನಲಿ, ನನ್ನ ತಕರಾರಿಲ್ಲ.

ಇಷ್ಟೆಲ್ಲ ಮಾಡಿದವರಿಗೆ ಹಣ ಸುಲಭವಾಗಿ ಸಿಕ್ಕಿತೇ? 2015ರಲ್ಲಿ ಕಾನ್ ಚಿತ್ರೋತ್ಸವ ಗೌರವ ಪಾಮ್ ದೋರ್ ಕೊಟ್ಟಿತು. 2017ರ ನವೆಂಬರ್‌ನಲ್ಲಿ ಗೌರವ ಆಸ್ಕರ್ ಬಂತು. ಅದನ್ನು ಪಡೆದ ಮೊದಲ ಮಹಿಳಾ ನಿರ್ದೇಶಕಿ ಆಕೆ. ಈ ಎರಡು ಗೌರವಗಳ ನಡುವೆ, ಛಾಯಾಚಿತ್ರ ಕಲಾವಿದ ಜೆಆರ್ ಜೊತೆ ಹಳ್ಳಿಹಳ್ಳಿ ಸುತ್ತಿ ಮಾಡಿದ 'ಫೇಸಸ್ ಪ್ಲೇಸಸ್' ಚಿತ್ರಕ್ಕೆ ಬಂಡವಾಳದ ಒಂದು ಪಾಲನ್ನು ಅಂತರಜಾಲದಲ್ಲಿ ಜನರ ದೇಣಿಗೆಯಿಂದ ಕೂಡಿಸಬೇಕಾಯಿತು. ಇಪ್ಪತ್ತಾರನೆಯ ವಯಸ್ಸಿನಲ್ಲಿ ಗೆಳೆಯರ ದುಡಿಮೆಯನ್ನು ಸಾಲ ಪಡೆದು ಸಿನಿಮಾ ಮಾಡಿದಾಕೆ ಅರವತ್ತು ವರ್ಷಗಳ ನಂತರವೂ ಅಪರಿಚಿತರ ಮುಂದೆ ಕೈಚಾಚಬೇಕಾಯಿತು. ಮುದ್ದು ಅಜ್ಜಿಗೆ ಚಪ್ಪಾಳೆ ತಟ್ಟುವುದಕ್ಕೆ ದುಡ್ಡು ಬೇಕಾಗುವುದಿಲ್ಲ. ನಿರ್ದೇಶಕಿ ಎಂದು ಒಪ್ಪಿಕೊಂಡರೆ ಬಂಡವಾಳ ಹೂಡಬೇಕಾಗುತ್ತದೆ.

ವಾರ್ದಾ ಅವರ ಯಾವ ಚಿತ್ರವನ್ನೂ ನೋಡದವರು 'ಲ ಬೊನರ್'ನಿಂದ ಶುರು ಮಾಡಿ. ಅದನ್ನು ಗಂಡ ಹೆಂಡತಿ ಜೊತೆಗೆ ಕುಳಿತು ನೋಡಿ. ಆಮೇಲೆ ಯಾರಿಗಾದರೂ ನನ್ನ ಮಾತು ಅತಿಯಾಯಿತು ಎನ್ನಿಸಿದರೆ, ಕೆಳಗೆ ಕಮೆಂಟಿನಲ್ಲಿ ಬರೆಯಿರಿ. ವಾದಕ್ಕೆ ನಾನು ಸಿದ್ಧಳಿದ್ದೇನೆ.