ಡ್ಯಾನ್ ಗೇಬಲ್ ಒಂದೂ ಕುಸ್ತಿ ಸೋತಿಲ್ಲವೇ? ಒಂದು ಸ್ಪಷ್ಟನೆ

‘ಅಮೆರಿಕದ ಪೈಲ್ವಾನ ಡ್ಯಾನ್ ಗೇಬಲ್ ಜೀವನದಲ್ಲಿ ಒಂದೂ ಕುಸ್ತಿ ಸೋತಿಲ್ಲ, ಆಮೇಲೆ ಕೋಚ್ ಆಗಿ ತಾನು ಓದಿದ ವಿಶ್ವವಿದ್ಯಾಲಯಕ್ಕೇ 15 ಪ್ರಶಸ್ತಿ ತಂದುಕೊಟ್ಟರು’ ಎಂಬ ಸಂದೇಶ ಹರಿದಾಡುತ್ತಿದೆ. ಎರಡೂ ಮಾತು ತಪ್ಪು.

1972ರ ಮ್ಯೂನಿಕ್ ಒಲಿಂಪಿಕ್ಸ್‌ನ 68 ಕೆ.ಜಿ. ಫ್ರೀಸ್ಟೈಲ್‌ನಲ್ಲಿ ಗೇಬಲ್ ಆರು ಕುಸ್ತಿ ಆಡಿ ಎದುರಾಳಿಗಳಿಗೆ ಒಂದೇ ಒಂದು ಅಂಕ ಬಿಟ್ಟುಕೊಡದೆ ಚಿನ್ನ ಗೆದ್ದದ್ದು ನಿಜ. ಗೊಂದಲ ಹುಟ್ಟಿದ್ದು ಬಹುಶಃ ಇಲ್ಲಿಂದಲೇ: ‘ಅಂಕ ಕೊಡಲಿಲ್ಲ’ ಎಂಬುದು ಬಾಯಿಂದ ಬಾಯಿಗೆ ಹೋಗಿ ‘ಸೋಲಲೇ ಇಲ್ಲ’ ಆಗಿದೆ. ಆದರೆ 1970ರ ಕಾಲೇಜು ಫೈನಲ್‌ನಲ್ಲಿ ಲ್ಯಾರಿ ಓವಿಂಗ್ಸ್ ಎಂಬ ಪೈಲ್ವಾನ ಗೇಬಲ್ ಅವರನ್ನು 13–11ರಿಂದ ಸೋಲಿಸಿದ್ದರು. ಕಾಲೇಜಿನಲ್ಲಿ ಗೇಬಲ್ ಅವರ ಕೊನೆಯ ಕುಸ್ತಿಯೇ ಅದು. ಅದು ಫ್ರೀಸ್ಟೈಲ್ ಕೂಡ ಅಲ್ಲ, ಅಮೆರಿಕದ ಕಾಲೇಜುಗಳ ‘ಫೋಕ್‌ಸ್ಟೈಲ್’. ಅಲ್ಲಿ ಎದುರಾಳಿಯನ್ನು ಕೆಳಗೆ ಅದುಮಿ ಹಿಡಿದ ಹೊತ್ತಿಗೂ ಅಂಕ ಉಂಟು, ಕೆಳಗಿದ್ದವನು ತಪ್ಪಿಸಿಕೊಂಡು ಎದ್ದರೂ ಉಂಟು. ಎರಡರ ದಾಖಲೆಯನ್ನು ಒಂದೇ ತಕ್ಕಡಿಗೆ ಹಾಕಬಾರದು.

ಇನ್ನು ಹೆಸರಿನ ಎಡವಟ್ಟು. ಅವರು ಓದಿ ಆಡಿದ್ದು ಅಯೋವಾ ಸ್ಟೇಟ್ ವಿಶ್ವವಿದ್ಯಾಲಯದಲ್ಲಿ. 15 ರಾಷ್ಟ್ರೀಯ ತಂಡ ಪ್ರಶಸ್ತಿ ಗೆಲ್ಲಿಸಿದ್ದು ಅದರ ಕಡು ಎದುರಾಳಿ ಅಯೋವಾ ವಿಶ್ವವಿದ್ಯಾಲಯಕ್ಕೆ. ಅದರಲ್ಲಿ 1978ರಿಂದ 1986ರವರೆಗಿನ ಒಂಬತ್ತು ಸತತ.