ಸೀನಿಯಾರಿಟಿ ಕೇಸು: ತಡ ಮಾಡಿದವರು ಯಾರು?

ಜ್ಯೇಷ್ಠತಾ ಪಟ್ಟಿ, ಅಂದರೆ ಸೀನಿಯಾರಿಟಿ ಲಿಸ್ಟು, ಹೊರಗಿನವರಿಗೆ ಬರೀ ಹೆಸರುಗಳ ಸಾಲು. ಸರ್ಕಾರಿ ನೌಕರಿಯಲ್ಲಿ ಇರುವವರಿಗೆ ಗೊತ್ತು, ಆ ಸಾಲಿನಲ್ಲಿ ನಾಲ್ಕು ಹೆಸರು ಕೆಳಗೆ ಹೋದರೆ ಬಡ್ತಿ ಕೈತಪ್ಪುತ್ತದೆ. ರಿಟೈರ್ ಆಗುವ ಹೊತ್ತಿನ ಸಂಬಳ ಕಡಿಮೆಯಾಗುತ್ತದೆ, ಅದರ ಹಿಂದೆಯೇ ಪಿಂಚಣಿಯೂ ಇಳಿಯುತ್ತದೆ. ನಿನ್ನೆವರೆಗೆ ನಮ್ಮ ಕೈಕೆಳಗೆ ಇದ್ದವರು ನಾಳೆ ನಮ್ಮ ರಜೆ ಮಂಜೂರು ಮಾಡುವ ಜಾಗದಲ್ಲಿ ಕೂರುತ್ತಾರೆ. ಜಗಳ ಆಗದೇ ಇರುತ್ತದಾ? ಆಗಲಿ. ನನಗೆ ಬೇಸರ ತರಿಸುವುದು ಹತ್ತು ಹದಿನೈದು ವರ್ಷ ಸುಮ್ನೆ ಇದ್ದು, ಆಮೇಲೆ ಕೋರ್ಟಿಗೆ ಹೋಗುವ ಜಗಳ.

ಇಂಥ ಕೇಸನ್ನು 'ತಡವಾಯಿತು' ಅಂತ ಕೋರ್ಟು ವಜಾ ಮಾಡಿದಾಗ 'ಬಡ ನೌಕರನಿಗೆ ನ್ಯಾಯ ಸಿಗಲಿಲ್ಲ' ಅನ್ನುವವರೇ ಜಾಸ್ತಿ. ನಾನು ಕೋರ್ಟಿನ ಕಡೆ ನಿಲ್ಲುತ್ತೇನೆ. ಆದರೆ ಈ ತಡದಲ್ಲಿ ಇಲಾಖೆಗಳ ಪಾಲು ದೊಡ್ಡದು. ಅದನ್ನು ಯಾರೂ ಕೇಳುವುದಿಲ್ಲ ಅನ್ನುವ ಸಿಟ್ಟಿಗೇ ಇಷ್ಟು ಉದ್ದ ಬರೆಯುತ್ತಿದ್ದೇನೆ.

ಸುಪ್ರೀಂ ಕೋರ್ಟಿನ ಮಾತು ಈ ವಿಷಯದಲ್ಲಿ ಹಳೆಯದು. ತಮಿಳುನಾಡಿನ ಒಬ್ಬ ಸರ್ಕಾರಿ ನೌಕರರಿಗಿಂತ ಕಿರಿಯರಿಗೆ 1957ರಲ್ಲಿ ನಿಯಮ ಸಡಿಲಿಸಿ ಬಡ್ತಿ ಕೊಟ್ಟಿದ್ದರು. ಅವರು ಕೋರ್ಟಿಗೆ ಬಂದದ್ದು 1971ರಲ್ಲಿ. ಕಿರಿಯರಿಗೆ ಬಡ್ತಿ ಕೊಟ್ಟರೆ ಆರು ತಿಂಗಳೊಳಗೆ, ಹೆಚ್ಚೆಂದರೆ ಒಂದು ವರ್ಷದೊಳಗೆ ಬರಬೇಕು ಅಂತ 1974ರ ತೀರ್ಪು ಹೇಳಿತು. ಇನ್ನೊಂದು ಕೇಸು ಕೇಂದ್ರದ ಗುಪ್ತಚರ ಇಲಾಖೆಯದು. ಪಟ್ಟಿ ಹೊರಟಿದ್ದು 1958ರಲ್ಲಿ, ಪ್ರಶ್ನೆ ಮಾಡಿದ್ದು 1976ರಲ್ಲಿ. 1986ರಲ್ಲಿ ಸುಪ್ರೀಂ ಕೋರ್ಟ್ ಅದನ್ನು ಒಪ್ಪಲಿಲ್ಲ. ಎಷ್ಟೋ ವರ್ಷದ ನಂತರ ಹಾಕುವ ರಿಟ್‌ಗಳಿಂದ ನೌಕರರು ಸದಾ ಆತಂಕದಲ್ಲಿ ಬದುಕುವ ಹಾಗೆ ಆಗಬಾರದು ಅನ್ನುವುದು ಅದರ ತಿರುಳು. 2010ರಲ್ಲಿ ಒಡಿಶಾದ ಪೊಲೀಸ್ ಕೇಸಿನಲ್ಲಿ ಇನ್ನೂ ಸ್ಪಷ್ಟ ಮಾಡಿದರು: ಜ್ಯೇಷ್ಠತೆಯನ್ನು ಪ್ರಶ್ನಿಸಲು ಮೂರು ನಾಲ್ಕು ವರ್ಷ ಅನ್ನುವುದು ತಕ್ಕ ಅವಧಿ. ಅದನ್ನೂ ಮೀರಿದರೆ ಯಾಕೆ ತಡವಾಯಿತು ಅಂತ ಒಪ್ಪುವ ಹಾಗೆ ಹೇಳಬೇಕು.

ಯಾಕೆ ಇಷ್ಟು ಬಿಗಿ? ಪಟ್ಟಿಯಲ್ಲಿ ಮೇಲಿರುವ ಇನ್ನೊಬ್ಬರನ್ನು ನೋಡಿ. ಪಟ್ಟಿ ಮಾಡಿದ್ದು ಅವರಲ್ಲ, ಇಲಾಖೆ. ಇಲಾಖೆ ಬಡ್ತಿ ಕೊಟ್ಟಿತು, ತೆಗೆದುಕೊಂಡರು. ಬಡ್ತಿಯ ಜೊತೆ ದೂರದ ಊರಿಗೆ ವರ್ಗವಾಯಿತು, ಹೋದರು. ಆ ಸಂಬಳದ ಲೆಕ್ಕದಲ್ಲೇ ಮನೆ ಸಾಲ ಮಾಡಿದರು, ಮಕ್ಕಳನ್ನು ಓದಿಸಿದರು. ಹದಿನೈದು ವರ್ಷ ಆದಮೇಲೆ 'ನಿಮ್ಮ ಜಾಗ ಇದಲ್ಲ, ಇಳಿಯಿರಿ' ಅಂದರೆ ಅವರು ಮಾಡಿದ ತಪ್ಪೇನು? ಒಬ್ಬರನ್ನು ಇಳಿಸಿದರೆ ಸಾಲಿನಲ್ಲಿ ಹಿಂದೆ ಇರುವವರೆಲ್ಲ ಅಲುಗಾಡುತ್ತಾರೆ. ಎಷ್ಟೋ ಅರ್ಜಿಗಳಲ್ಲಿ ಇವರನ್ನು ಪ್ರತಿವಾದಿ ಮಾಡುವುದೇ ಇಲ್ಲ. ಸರ್ಕಾರವನ್ನು ಮಾತ್ರ ಎದುರು ನಿಲ್ಲಿಸುತ್ತಾರೆ. ನಿಜವಾಗಿ ಕಳೆದುಕೊಳ್ಳುವವರಿಗೆ ಕೇಸು ನಡೆಯುತ್ತಿರುವ ಸುದ್ದಿಯೂ ಗೊತ್ತಿರುವುದಿಲ್ಲ. ಇದು ನನಗೆ ತುಂಬಾ ಅನ್ಯಾಯ ಅನ್ನಿಸುತ್ತದೆ.

ಪಟ್ಟಿ ಅಲುಗಾಡಿದರೆ ಏನಾಗುತ್ತದೆ ಅಂತ ನಮ್ಮ ರಾಜ್ಯ ಕಣ್ಣಾರೆ ಕಂಡಿದೆ. ಮೀಸಲಾತಿಯಲ್ಲಿ ಬಡ್ತಿ ಪಡೆದವರ ಜ್ಯೇಷ್ಠತೆ ಕುರಿತ 2002ರ ಕಾಯ್ದೆಯನ್ನು ಸುಪ್ರೀಂ ಕೋರ್ಟ್ 2017ರ ಫೆಬ್ರವರಿಯಲ್ಲಿ ತಳ್ಳಿಹಾಕಿತು. ಪಟ್ಟಿಗಳು ಬದಲಾದವು, ಹಿಂಬಡ್ತಿ ಶುರುವಾಯಿತು. ಆಮೇಲೆ ರಾಜ್ಯ ಹೊಸ ಕಾಯ್ದೆ ತಂದಿತು. ಅದನ್ನು 2019ರ ಮೇ ತಿಂಗಳಲ್ಲಿ ಅದೇ ಕೋರ್ಟು ಎತ್ತಿಹಿಡಿಯಿತು. ಅದು ತಡವಾಗಿ ಬಂದ ಕೇಸಲ್ಲ, ಸಂವಿಧಾನದ ದೊಡ್ಡ ಪ್ರಶ್ನೆ. ಅದರ ಸರಿ ತಪ್ಪು ಇಲ್ಲಿ ಚರ್ಚೆಗೆ ಬೇಡ. ಆದರೆ ಆ ಎರಡು ವರ್ಷ ಎರಡೂ ಕಡೆಯ ಮನೆಗಳಲ್ಲಿ ಎಷ್ಟು ಸಂಕಟ ಇತ್ತು ಅನ್ನುವುದು ಅದನ್ನು ಅನುಭವಿಸಿದವರಿಗೆ ಗೊತ್ತು.

ಇನ್ನು 'ನಾನು ಮನವಿ ಕೊಡುತ್ತಲೇ ಇದ್ದೆ ಸಾರ್' ಅನ್ನುವ ಮಾತು. ನಮ್ಮವರು ಮೋಸ ಹೋಗುವುದೇ ಇಲ್ಲಿ. ವರ್ಷಕ್ಕೊಂದು ಮನವಿ ಕೊಟ್ಟರೆ ಕೇಸು ಜೀವಂತ ಇರುತ್ತದೆ ಅಂತ ಕಚೇರಿಯ ಹಿರಿಯರೇ ಹೇಳಿಕೊಟ್ಟಿರುತ್ತಾರೆ. ಹಾಗೇನೂ ಇಲ್ಲ. ಮೇಲಿಂದ ಮೇಲೆ ಮನವಿ ಕೊಟ್ಟ ಮಾತ್ರಕ್ಕೆ ಕಾಲಮಿತಿ ಮುಂದಕ್ಕೆ ಹೋಗುವುದಿಲ್ಲ ಅಂತ 1989ರಲ್ಲೇ ಸುಪ್ರೀಂ ಕೋರ್ಟಿನ ಏಳು ನ್ಯಾಯಮೂರ್ತಿಗಳ ಪೀಠ ಹೇಳಿದೆ. ನೌಕರರ ಸೇವಾ ವ್ಯಾಜ್ಯ ಕೇಳುವ ಕೆಎಟಿಗೆ (ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿ) ಅನ್ವಯಿಸುವ ಕಾನೂನು 1985ರ ಆಡಳಿತ ನ್ಯಾಯಮಂಡಳಿ ಕಾಯ್ದೆ. ಅದರ 21ನೇ ಕಲಂ ಪ್ರಕಾರ ಅಂತಿಮ ಆದೇಶ ಬಂದ ದಿನದಿಂದ ಒಂದು ವರ್ಷ. ನಿಯಮದ ಪ್ರಕಾರ ಮನವಿ ಕೊಟ್ಟು ಆರು ತಿಂಗಳಾದರೂ ಉತ್ತರ ಬರದಿದ್ದರೆ, ಆ ಆರು ತಿಂಗಳು ಮುಗಿದ ಮೇಲೆ ಒಂದು ವರ್ಷ. ಸಕಾರಣ ಇದ್ದರೆ ತಡ ಮನ್ನಿಸುವ ಅವಕಾಶ ಇದೆ. ಆದರೆ ಹಳೇ ಮನವಿಗಳ ಕಟ್ಟು ತೋರಿಸಿದರೆ ಅದೇ ಸಕಾರಣ ಆಗುವುದಿಲ್ಲ.

ಇನ್ನೊಂದು ದಾರಿ ಹಿಡಿಯುವವರೂ ಇದ್ದಾರೆ. ಎಷ್ಟೋ ವರ್ಷದ ನಂತರ ಹೊಸದಾಗಿ ಮನವಿ ಕೊಡುವುದು, 'ಇದನ್ನು ಪರಿಗಣಿಸಿ' ಅನ್ನುವ ಆದೇಶ ತರುವುದು, ಇಲಾಖೆ ಆಗಲ್ಲ ಅಂತ ಬರೆದುಕೊಟ್ಟರೆ ಅದನ್ನೇ ಹೊಸ ಆದೇಶ ಅಂತ ಪ್ರಶ್ನಿಸುವುದು. ತಮಿಳುನಾಡಿನ ಭೂವಿಜ್ಞಾನ ಮತ್ತು ಗಣಿ ಇಲಾಖೆಯ ಒಬ್ಬ ನೌಕರರ ಸೇವೆ 1982ರಲ್ಲೇ ಕೊನೆಗೊಂಡಿತ್ತು. ಅವರು ಮನವಿ ಕೊಟ್ಟದ್ದು ಹದಿನೆಂಟು ವರ್ಷದ ಮೇಲೆ. 2008ರಲ್ಲಿ ಸುಪ್ರೀಂ ಕೋರ್ಟ್ ಈ ದಾರಿಯನ್ನೂ ಮುಚ್ಚಿತು. ಕಾಲ ಮೀರಿ ಸತ್ತುಹೋದ ಹಕ್ಕು ಇಲಾಖೆಯ ಒಂದು ಉತ್ತರದಿಂದ ಮತ್ತೆ ಜೀವ ಪಡೆಯುವುದಿಲ್ಲ.

ಒಂದು ಮುಖ್ಯ ವ್ಯತ್ಯಾಸ ನೆನಪಿಡಿ. ಸಂಬಳ ನಿಗದಿ ತಪ್ಪಾಗಿದ್ದರೆ, ಪಿಂಚಣಿ ಕಡಿಮೆ ಲೆಕ್ಕ ಹಾಕಿದ್ದರೆ ತಡವಾದರೂ ಧೈರ್ಯ ಕಳೆದುಕೊಳ್ಳಬೇಡಿ. ಅಲ್ಲಿ ತಪ್ಪು ಪ್ರತಿ ತಿಂಗಳೂ ಮರುಕಳಿಸುತ್ತದೆ, ನಿಮಗೆ ಸಿಕ್ಕರೆ ಬೇರೆ ನೌಕರರಿಗೆ ನಷ್ಟವಿಲ್ಲ. 2008ರ ಇನ್ನೊಂದು ತೀರ್ಪು ಇದನ್ನು ಬಿಡಿಸಿ ಹೇಳಿದೆ. ಹಿಂಬಾಕಿ ಮಾತ್ರ ಸಾಮಾನ್ಯವಾಗಿ ಮೂರು ವರ್ಷದ್ದಷ್ಟೇ ಸಿಗುತ್ತದೆ. ಜ್ಯೇಷ್ಠತೆ, ಬಡ್ತಿಯ ವಿಷಯದಲ್ಲಿ ಈ ರಿಯಾಯಿತಿ ಇಲ್ಲ.

ಈಗ ಇಲಾಖೆಗಳ ಮಾತಿಗೆ ಬರುತ್ತೇನೆ.

ತಾತ್ಕಾಲಿಕ ಪಟ್ಟಿ ಹೊರಡಿಸುತ್ತಾರೆ. ಇಷ್ಟು ದಿನದೊಳಗೆ ಆಕ್ಷೇಪಣೆ ಸಲ್ಲಿಸಿ ಅನ್ನುತ್ತಾರೆ. ನೌಕರ ಅಷ್ಟರೊಳಗೇ ಕೊಡುತ್ತಾನೆ, ಸ್ವೀಕೃತಿ ಸೀಲು ಹಾಕಿಸಿಕೊಳ್ಳುತ್ತಾನೆ. ಆಮೇಲೆ? ಕಡತ 'ಮಂಡಿಸಿದೆ, ಪರಿಶೀಲಿಸಿ' ಅಂತ ಮೇಜಿಂದ ಮೇಜಿಗೆ ಓಡಾಡುತ್ತದೆ. ಅಂತಿಮ ಪಟ್ಟಿ ವರ್ಷಗಟ್ಟಲೆ ಬರುವುದಿಲ್ಲ. ಅಷ್ಟರಲ್ಲಿ ತಾತ್ಕಾಲಿಕ ಪಟ್ಟಿಯ ಮೇಲೆಯೇ ಯಾರಿಗೋ ಮೇಲಿನ ಹುದ್ದೆ ಕೊಡುತ್ತಾರೆ. ಬಡ್ತಿ ಕೊಡಲು ತೊಡಕಿದ್ದರೆ ಸೇವಾ ನಿಯಮ 32ರ ಅಡಿ ಪ್ರಭಾರ (ಬಡ್ತಿ ಇಲ್ಲದೆ ಮೇಲಿನ ಹುದ್ದೆಯ ಹೊಣೆ) ಅಂತ ಕೂರಿಸುತ್ತಾರೆ. ಆ ಪ್ರಭಾರ ವರ್ಷಗಟ್ಟಲೆ ಮುಂದುವರಿಯುತ್ತದೆ. ಕೊನೆಗೆ ನೌಕರ ಬೇಸತ್ತು ಕೆಎಟಿಗೆ ಹೋದರೆ, ಅದೇ ಇಲಾಖೆ ವಕೀಲರ ಮೂಲಕ ಹೇಳುವ ಮೊದಲ ಮಾತು: 'ಅರ್ಜಿ ತಡವಾಗಿದೆ, ವಜಾ ಮಾಡಿ.'

ಆಕ್ಷೇಪಣೆಗೆ ಉತ್ತರ ಕೊಡದೆ ಕೂತವರು ಇವರೇ ಅಲ್ವಾ? ತಡದ ನಿಯಮ ಇರುವುದು ಪಟ್ಟಿಯಲ್ಲಿರುವ ಇನ್ನೊಬ್ಬ ನೌಕರನನ್ನು ಕಾಪಾಡಲು. ಕೆಲಸ ಮಾಡದ ಶಾಖೆಯನ್ನು ಕಾಪಾಡಲು ಅದನ್ನು ಬಳಸುವುದು ನಾಚಿಕೆಗೇಡು. ಇಂಥ ಕಡೆ ಕೋರ್ಟು ಇಲಾಖೆಯ ಮುಖ್ಯಸ್ಥರನ್ನೇ ಕರೆಸಿ 'ಇಷ್ಟು ವರ್ಷ ಏನು ಮಾಡಿದಿರಿ' ಅಂತ ಕೇಳಬೇಕು.

ಈ ರೋಗ ಹಳೆಯದು. 1956ರಲ್ಲಿ ರಾಜ್ಯ ಒಂದಾದಾಗ ಹಳೆ ಮೈಸೂರು, ಮುಂಬೈ, ಹೈದರಾಬಾದ್, ಮದ್ರಾಸ್, ಕೊಡಗು, ಹೀಗೆ ಐದು ಕಡೆಯ ನೌಕರರು ಒಂದೇ ಸಾಲಿಗೆ ಬಂದರು. ಯಾವ ಹುದ್ದೆ ಯಾವುದಕ್ಕೆ ಸಮ ಅನ್ನುವುದೇ ದೊಡ್ಡ ಜಗಳವಾಯಿತು. ಜ್ಯೇಷ್ಠತಾ ನಿಯಮಗಳು 1957ರಲ್ಲೇ ಬಂದರೂ ವ್ಯಾಜ್ಯ ಮಾತ್ರ ವರ್ಷಗಟ್ಟಲೆ ನಡೆಯಿತು. ಅವತ್ತು ಐದು ಆಡಳಿತದ ದಾಖಲೆ ಹೊಂದಿಸಬೇಕಿತ್ತು, ಕಷ್ಟ ಇತ್ತು ಅನ್ನೋಣ. ಇವತ್ತು ಯಾವ ಕಷ್ಟ?

ಹೊಸದಾಗಿ ಸೇರಿದ ಎಸ್‌ಡಿಎ, ಎಫ್‌ಡಿಎ, ಎಂಜಿನಿಯರ್ ಹುಡುಗ ಹುಡುಗಿಯರಿಗೆ ಒಂದು ಮಾತು. ಪಟ್ಟಿ ಬಂದ ದಿನವೇ ನಿಮ್ಮ ಹೆಸರು ಮಾತ್ರ ನೋಡಬೇಡಿ, ಮೇಲಿನ ಹತ್ತು ಹೆಸರಿನ ಸೇರಿದ ದಿನಾಂಕ, ಆಯ್ಕೆಪಟ್ಟಿಯ ಕ್ರಮಸಂಖ್ಯೆ ನೋಡಿ. ಆಕ್ಷೇಪಣೆ ಕೊಟ್ಟು ಸ್ವೀಕೃತಿ ಇಟ್ಟುಕೊಳ್ಳಿ. ಆರು ತಿಂಗಳು ಕಾಯಿರಿ, ಆಮೇಲೆ ವಕೀಲರನ್ನು ನೋಡಿ. ಬೆಂಗಳೂರಿಗೇ ಬರಬೇಕಾಗಿಲ್ಲ, ಕಲಬುರಗಿ ಮತ್ತು ಬೆಳಗಾವಿಯಲ್ಲೂ ಕೆಎಟಿ ಪೀಠ ಇದೆ. ಸಾಹೇಬರು ಸಿಟ್ಟಾಗುತ್ತಾರೆ, ನಮ್ಮ ಕೆಲಸದ ಬಗ್ಗೆ ಬರೆಯುವ ವಾರ್ಷಿಕ ವರದಿಯಲ್ಲಿ ಕೈ ತೋರಿಸುತ್ತಾರೆ ಅನ್ನುವ ಹೆದರಿಕೆ ಸುಳ್ಳಲ್ಲ. ಆದರೂ ಹೋಗಿ. ನಿಮ್ಮ ಮೇಲೆ ಹೆಸರು ಇರುವವರನ್ನೂ ಪ್ರತಿವಾದಿ ಮಾಡಿ, ಅವರ ಮಾತೂ ಕೋರ್ಟಿಗೆ ಕೇಳಿಸಲಿ.

ಸರ್ಕಾರಕ್ಕೆ ನನ್ನ ಬೇಡಿಕೆ ದೊಡ್ಡದಲ್ಲ. ಪ್ರತಿ ವರ್ಷ ಜನವರಿ 1ಕ್ಕೆ ಇದ್ದಂತೆ ಅಂತಿಮ ಪಟ್ಟಿ ಹೊರಡಿಸಿ, ಇಲಾಖೆಯ ವೆಬ್‌ಸೈಟಿಗೆ ಹಾಕಿ. ಪ್ರತಿ ಆಕ್ಷೇಪಣೆಗೂ ಒಪ್ಪಿದ್ದೇವೆ ಅಥವಾ ಇಲ್ಲ, ಕಾರಣ ಇದು ಅಂತ ಲಿಖಿತ ಆದೇಶ ಕೊಡಿ. ಕೊಡದ ಅಧಿಕಾರಿಯ ಮೇಲೆ ಕ್ರಮ ಆಗಲಿ. ನಮ್ಮ ಸಂಬಳ ಎಲ್ಲ ಸರ್ಕಾರದ ಕಂಪ್ಯೂಟರ್ ವ್ಯವಸ್ಥೆಯಾದ ಎಚ್‌ಆರ್‌ಎಂಎಸ್‌ನಲ್ಲೇ ಆಗುತ್ತದೆ, ಸೇವೆಗೆ ಸೇರಿದ ದಿನಾಂಕದಿಂದ ಹಿಡಿದು ಎಲ್ಲವೂ ಅದರಲ್ಲಿದೆ. 'ಮಾಹಿತಿ ಕ್ರೋಡೀಕರಿಸಲಾಗುತ್ತಿದೆ' ಅನ್ನುವ ಉತ್ತರವನ್ನು ಇನ್ನು ಯಾವ ನೌಕರನಿಗೂ ಕೊಡಬೇಡಿ.